ಹಿಂದಿನ ಎತ್ತರ

ರಿಪೇರಿಗೆ ಹೋದ ಮೆಷಿನ್ ಹಳೆಯದನ್ನೆಲ್ಲ ಮರೆತು ವಾಪಸು ಬಂದಿತ್ತು. ಬೆಳಿಗ್ಗೆ ಏಳುವಾಗಿನಿಂದ ಅವಳೊಳಗಿದ್ದ ಕಿರಿಕಿರಿಗೆ ಅದೊಂದು ನೆಪ ಸಿಕ್ಕಿದಂತಾಯಿತು. ಎಂಟು ವರ್ಷದಿಂದ ತಾನೇ ಒಂದೊಂದಾಗಿ ತುಂಬಿಸಿದ್ದ ಹೆಸರು, ಹುಟ್ಟಿದ ದಿನ, ತೂಕ, ಎತ್ತರ ಎಲ್ಲ ಗುಡಿಸಿ ಹಾಕಿದ ಹಾಗೆ ಖಾಲಿ. ಸರಿಮಾಡಿದವನು “ಈಗ ಹೊಸದರ ಹಾಗಿದೆ ಮೇಡಂ” ಎಂದು ಹಲ್ಲು ಕಿರಿದು ಹೋಗಿದ್ದ. ಹೊಸದರ ಹಾಗಿರುವುದು ಯಾರಿಗೆ ಬೇಕಿತ್ತು? ಆಸ್ಪತ್ರೆಯ ಎರಡನೇ ಮಹಡಿಯ ಕೊನೆಯಲ್ಲಿ, ಕಿಟಕಿ ಇದ್ದೂ ತೆರೆಯಲು ಬಾರದ ಈ ಕೋಣೆಯಲ್ಲಿ ಅವಳು ಹದಿನಾರು ವರ್ಷದಿಂದ ಜನರ ಉಸಿರನ್ನು ಅಳೆಯುತ್ತಿದ್ದಾಳೆ. ಮೂಗಿಗೆ ಕ್ಲಿಪ್ಪು, ಬಾಯಿಗೆ ರಟ್ಟಿನ ಕೊಳವೆ, ಪೂರ್ತಿ ಒಳಗೆ ಎಳ್ಕೊಳ್ಳಿ, ಈಗ ಊದಿ, ಊದಿ, ಊದಿ, ಇನ್ನೂ, ಇನ್ನೂ, ಬಿಡಬೇಡಿ. ದಿನಕ್ಕೆ ಐವತ್ತು ಸಲ ಹೇಳಿ ಹೇಳಿ ಸಂಜೆ ಒಲೆಯ ಮುಂದೆ ನಿಂತಾಗಲೂ ನಾಲಿಗೆಯ ಮೇಲೆ ಅದೇ ಇರುತ್ತದೆ. ಮಕ್ಕಳು ಅವಳನ್ನು ಊದಕ್ಕ ಎನ್ನುತ್ತವೆ. ಡಾಕ್ಟರುಗಳಿಗೆ ಅಷ್ಟೂ ಗೊತ್ತಿಲ್ಲ, “ಊದೋ ರೂಮಿನವರು” ಎನ್ನುತ್ತಾರೆ, ಕೋಣೆಯ ಜೊತೆ ಬಂದ ಕುರ್ಚಿ ಮೇಜುಗಳಲ್ಲಿ ಅವಳೂ ಒಂದು ಎಂಬ ಹಾಗೆ. ಮೊದಮೊದಲು ಬೇಜಾರಾಗುತ್ತಿತ್ತು. ಈಗ ಅದೂ ಇಲ್ಲ.

ಒಂಬತ್ತೂವರೆಗೆ ಗುಬ್ಬಿ ಬಂದಳು. ಗುಬ್ಬಿ ಎಂಬುದು ತಾಯಿ ಕರೆಯುವ ಹೆಸರು. ವಯಸ್ಸು ಒಂಬತ್ತು, ಮಾತು ಮಾತ್ರ ಅಜ್ಜಿಯರದು. “ಊದಕ್ಕಾ, ಇವತ್ತು ಎಷ್ಟು ಬರುತ್ತೆ ಅಂತ ನಾನೇ ಮೊದಲು ಹೇಳ್ಲಾ? ಅರವತ್ತೈದು” ಎನ್ನುತ್ತಾ ಕುರ್ಚಿ ಏರಿ ಕಾಲು ಇಳಿಬಿಟ್ಟಳು. ತಾಯಿ ಎಂದಿನಂತೆ ಬಾಗಿಲ ಆಚೆಯೇ ನಿಂತಳು. ಊದುವಾಗ ಮಗುವಿನ ಮುಖ ಕೆಂಪೇರುವುದನ್ನು ನೋಡಲು ಅವಳಿಂದ ಆಗುವುದಿಲ್ಲ. ಐದು ವರ್ಷದ ಹಿಂದೆ ಇದೇ ತಾಯಿ ಆಸ್ತಮಾ ಔಷಧಿಯ ಚೀಟಿಗಳ ದೊಡ್ಡ ಕಂತೆ ಹಿಡಿದು ಬಂದಿದ್ದಳು. ಆರು ಜನ ಡಾಕ್ಟರುಗಳು ಆಸ್ತಮಾ ಎಂದಿದ್ದರು. ನಾಲ್ಕು ವರ್ಷದ ಮಗುವಿಗೆ ಕೊಳವೆ ಹಿಡಿಯಲು ಬರಲಿಲ್ಲ. ಸುಮ್ಮನೆ ಅಂಗಿ ಬಿಚ್ಚಿಸಿ ಉಸಿರು ನೋಡುತ್ತಾ ಕುಳಿತ ಊದಕ್ಕನಿಗೆ ಹೊಟ್ಟೆ ಮಾತ್ರ ಏರಿಳಿಯುತ್ತಿರುವುದು ಕಾಣಿಸಿತ್ತು. ಎದೆ ಮರದ ಪೆಟ್ಟಿಗೆಯಂತೆ ನಿಂತಲ್ಲೇ ನಿಂತಿತ್ತು. ಮಕ್ಕಳ ಎದೆಯ ಮೂಳೆಗಳನ್ನು ನೋಡುವ ಡಾಕ್ಟರ ಬಳಿ, ಎಲ್ಲರೂ ಎದೆ ಡಾಕ್ಟರ್ ಎನ್ನುವ ಅವರ ಬಳಿ, ಕರೆಯದೆ ಹೋಗಿ “ಸರ್, ಇದು ಆಸ್ತಮಾ ಥರ ಕಾಣಲ್ಲ, ಎದೆ ಅಲ್ಲಾಡ್ತಾನೇ ಇಲ್ಲ” ಎಂದವಳು ಅವಳೇ. ಎಕ್ಸ್‌ರೇಯಲ್ಲಿ ಪಕ್ಕೆಲುಬುಗಳು ಅರ್ಧಕ್ಕೇ ಮುರಿದಿಟ್ಟ ಕಡ್ಡಿಗಳ ಹಾಗೆ ಗಿಡ್ಡಕ್ಕೆ, ಅಡ್ಡಕ್ಕೆ ಕಂಡವು. ಹುಟ್ಟಿನಿಂದಲೇ ಎದೆಯ ಗೂಡು ಇಕ್ಕಟ್ಟು, ಲಕ್ಷಕ್ಕೊಂದು ಮಗುವಿಗೂ ಬರುವುದಿಲ್ಲ ಎಂದರು ಡಾಕ್ಟರ್. ವಿದ್ಯಾರ್ಥಿಗಳೆಲ್ಲ ಸಾಲಾಗಿ ಬಂದು ಮಗುವನ್ನು ನೋಡಿದರು. ತಾಯಿ ಮಾತ್ರ ಬೇರೆ ಯಾರ ಕಡೆಯೂ ನೋಡದೆ ಇವಳಿಗೆ “ಮೊದಲು ಕಂಡುಹಿಡಿದಿದ್ದು ನೀವೇ ಅಲ್ವಾ ಅಕ್ಕ” ಎಂದಿದ್ದಳು. ಅಂದಿನಿಂದ ಗುಬ್ಬಿ ತನ್ನದೂ ಒಂದಿಷ್ಟು ಎಂದು ಅವಳು ಒಳಗೊಳಗೇ ಅಂದುಕೊಂಡುಬಿಟ್ಟಿದ್ದಾಳೆ.

ಮೆಷಿನ್ ಎತ್ತರ ಕೇಳಿತು. ಮೊದಲಾದರೆ “ಹಿಂದಿನದೇ ಇರಲಿಯೇ?” ಎಂದು ಕೇಳಿ ಒಂದು ಗುಂಡಿ ತೋರಿಸುತ್ತಿತ್ತು, ಈಗ ಅದಕ್ಕೆ ಹಿಂದಿನದು ಎಂಬುದೇ ಇಲ್ಲ. ಫೈಲು ನೋಡಿ ಬರೆಯೋಣವೆಂದರೆ ಮಧ್ಯಾಹ್ನ ಮೂರು ಗಂಟೆಯ ಚರ್ಚೆಗೆಂದು ಅದಾಗಲೇ ಡಾಕ್ಟರ ಮೇಜಿಗೆ ಹೋಗಿತ್ತು. ಸರಿ ಎಂದು ಗುಬ್ಬಿಯನ್ನು ಇಳಿಸಿ, ಗಂಟು ಬಿದ್ದ ಲೇಸುಗಳನ್ನು ಬಿಡಿಸಿ, ಮೊಗಸಾಲೆಯಲ್ಲಿದ್ದ ಅಳತೆಗೋಲಿನ ಕೆಳಗೆ ಬರಿಗಾಲಲ್ಲಿ ನಿಲ್ಲಿಸಿದಳು. ನೂರಾ ಇಪ್ಪತ್ತು. ಆಗಲೂ ಅವಳಿಗೆ ಏನೂ ಅನಿಸಲಿಲ್ಲ. ಮತ್ತೆ ಕೂರಿಸಿ ಕ್ಲಿಪ್ಪು ಹಾಕಿ ಊದಿಸಿದಳು. ಹುಡುಗಿ ಕಣ್ಣು ಗಟ್ಟಿಯಾಗಿ ಮುಚ್ಚಿ, ಮುಷ್ಟಿ ಬಿಗಿದು, ಕೊನೆಯ ಹನಿಯವರೆಗೆ ಊದಿದಳು. ಗಾಳಿ ಎಂದಿನಷ್ಟೇ ಬಂತು, ಮುಕ್ಕಾಲು ಲೀಟರಿಗೆ ತುಸು ಕಡಿಮೆ. ಆದರೆ ಕೆಳಗಿನ ಸಾಲು, ಡಾಕ್ಟರುಗಳು ನೋಡುವ ಒಂದೇ ಒಂದು ಸಾಲು, ನಲವತ್ತೇಳು ಎಂದಿತು. ಮೆಷಿನ್ ಕೆಟ್ಟಿದೆ ಎಂದುಕೊಂಡಳು. ಇನ್ನೊಮ್ಮೆ, ಮತ್ತೊಮ್ಮೆ. ನಲವತ್ತಾರು, ನಲವತ್ತೇಳು. “ಎಷ್ಟು, ಊದಕ್ಕಾ?” “ಚೆನ್ನಾಗಿ ಊದಿದೆ. ಹೋಗು, ಅಮ್ಮನ ಹತ್ರ ಕೂತಿರು” ಎಂದು ಕಳಿಸಿ, ಕೈತೊಳೆಯುವ ನೆಪದಲ್ಲಿ ಬಾಗಿಲು ಹಾಕಿಕೊಂಡು, ಎತ್ತರದ ಜಾಗದಲ್ಲಿ ಅವಳು ನೂರಾ ಆರು ಎಂದು ಒತ್ತಿ ನೋಡಿದಳು. ಹಿಂದಿನ ಆ ಎತ್ತರ ಅವಳಿಗೆ ಬಾಯಿಪಾಠವಾಗಿತ್ತು. ಅರವತ್ತೈದು. ಸ್ಟೂಲಿನ ಮೇಲೆ ಕುಳಿತುಬಿಟ್ಟಳು.

ಇಷ್ಟು ಎತ್ತರದ ಮಗುವಿಗೆ ಇಷ್ಟು ಗಾಳಿ ಇರಬೇಕು ಎಂದು ಮೆಷಿನ್ನಿನೊಳಗೆ ಒಂದು ಪಟ್ಟಿ ಇದೆ. ಇರಬೇಕಾದ್ದಕ್ಕೆ ನೂರು ಎಂದಿಟ್ಟು ಇರುವುದನ್ನು ಅದು ಹೇಳುತ್ತದೆ, ಅಷ್ಟೆ. ಗುಬ್ಬಿ ಬೆಳೆದಿದ್ದಳು, ಎದೆಯ ಗೂಡು ಬೆಳೆದಿರಲಿಲ್ಲ. ಒಂಬತ್ತು ವರ್ಷದ ಮೈಗೆ ಆರು ವರ್ಷದ ಅಂಗಿ. ಎರಡು ವರ್ಷದಿಂದ ಆರಾರು ತಿಂಗಳಿಗೊಮ್ಮೆ ಅದೇ ಗಾಳಿಯನ್ನು ಅದೇ ಹಳೆಯ ಎತ್ತರದ ಪಕ್ಕದಲ್ಲಿಟ್ಟು ಇವಳು ಅರವತ್ತೈದು, ಅರವತ್ತಾರು, ಅರವತ್ತೈದು ಎಂದು ಅಚ್ಚು ತೆಗೆದು ಕೊಟ್ಟಿದ್ದಾಳೆ. ನಾಲ್ಕು ಸಲ. ಅರವತ್ತರ ಮೇಲಿದ್ದರೆ ಕಾಯೋಣ, ಇಳಿದರೆ ಆಪರೇಷನ್ ಎಂಬುದು ಡಾಕ್ಟರ ಲೆಕ್ಕ. ಪಕ್ಕೆಲುಬುಗಳನ್ನು ಕತ್ತರಿಸಿ, ಅಗಲಿಸಿ, ನಡುವೆ ಲೋಹದ ಸರಳು ಕೂರಿಸಿ, ಮಗು ಬೆಳೆದ ಹಾಗೆ ಆ ಸರಳನ್ನೂ ಉದ್ದ ಮಾಡುತ್ತಾ ಹೋಗಬೇಕು. ಮೂರು ವರ್ಷದ ಹಿಂದೆ ಹಾಗೆ ಮಾಡಿಸಿಕೊಂಡ ಒಂದು ಗಂಡುಮಗು ಮತ್ತೆ ಕಣ್ಣು ಬಿಡಲಿಲ್ಲ. ಅಲ್ಲಿಂದ ಮುಂದೆ ಆ ಡಾಕ್ಟರಿಗೆ ಅರವತ್ತೈದು ಎಂಬ ಅಂಕಿ ಬಹಳ ಪ್ರೀತಿಯದು.

ಗೊತ್ತಿತ್ತೇ ತನಗೆ? ಅವಳು ಕೇಳಿಕೊಂಡಳು. ಇಲ್ಲ ಎಂದಳು. ತಕ್ಷಣ ಇಲ್ಲ ಎಂದದ್ದಕ್ಕೇ ಅನುಮಾನ ಬಂತು. ಮೊದಲನೇ ಸಲ ನಿಜವಾಗಿಯೂ ಗೊತ್ತಿರಲಿಲ್ಲ. ಆವತ್ತು ಹೊರಗೆ ಜನ ತುಂಬಿದ್ದರು. ಎದೆ ಡಾಕ್ಟರ್ ಬಾಗಿಲಲ್ಲಿ ನಿಂತು, ಕಾಯುತ್ತಿದ್ದ ಅಷ್ಟೂ ಜನರ ಎದುರು, “ಇವರಿಗೆ ಒಂದು ಕೊಳವೆ ಹಿಡಿಯೋಕೆ ಒಂದು ಗಂಟೆ ಬೇಕು” ಎಂದು ಹೋಗಿದ್ದರು. ಯಾರೋ ನಕ್ಕಿದ್ದರು. ಕಿವಿ ಬಿಸಿಯಾಗಿ, ಲೇಸು ಬಿಚ್ಚಿಸುವುದೇಕೆ ಎಂದು ಗುಂಡಿ ಒತ್ತಿದ್ದಳು. ಅರವತ್ತೈದು ಬಂತು. ತಾಯಿ ಕಾಗದ ನೋಡಿ, ಆಪರೇಷನ್ ಇಲ್ಲವೆಂಬ ಸಮಾಧಾನಕ್ಕೆ ಅಲ್ಲೇ ಮೊಗಸಾಲೆಯಲ್ಲಿ ಅತ್ತುಬಿಟ್ಟಳು, ಇವಳ ಎರಡೂ ಕೈ ಹಿಡಿದುಕೊಂಡು. ಅಷ್ಟು ಹೊತ್ತಿನ ಅವಮಾನವೆಲ್ಲ ಆ ಕೈಯೊಳಗೆ ಕರಗಿಹೋಗಿತ್ತು. ಎರಡನೇ ಸಲ? ಎರಡನೇ ಸಲ ಜನ ಇರಲಿಲ್ಲ. ಪುರುಸೊತ್ತಿತ್ತು. ಹುಡುಗಿಯ ಬಾಯಿಗೆ ತಾಗುವಂತೆ ಕೊಳವೆಯ ಕಂಬವನ್ನು ಅವಳೇ ತಿರುಪು ಸಡಿಲಿಸಿ ಎರಡು ಬೆರಳು ಮೇಲೆತ್ತಿದ್ದಳು. ಅದಾದ ಮೇಲೆ ಮತ್ತೆ ಎರಡು ಬೆರಳು. ಕೈಗೆ ಗೊತ್ತಿತ್ತು, ಹುಡುಗಿ ಎತ್ತರವಾಗುತ್ತಿದ್ದಾಳೆಂದು. ಕೈಗೆ ಗೊತ್ತಿದ್ದದ್ದು ತಲೆಗೆ ಬರದಂತೆ ತಡೆದವರು ಯಾರು? “ಹಿಂದಿನದೇ ಇರಲಿಯೇ?” ಎಂದು ಮೆಷಿನ್ ಕೇಳಿದಾಗ ಬೆರಳು ಒಂದು ಗಳಿಗೆ ನಿಂತಿತ್ತು. ಆ ನಿಂತ ಗಳಿಗೆಯನ್ನು ಅವಳೀಗ ಎಷ್ಟು ತಿರುಗಿಸಿ ನೋಡಿದರೂ ಅದರ ಒಳಗೆ ಏನಿತ್ತೆಂದು ತಿಳಿಯಲಿಲ್ಲ. ಸೋಮಾರಿತನ ಇದ್ದಿದ್ದರೆ ಎಷ್ಟೋ ಸಮಾಧಾನವಿತ್ತು.

ಮೇಜಿನ ಮೇಲೆ ಎರಡು ಕಾಗದ, ಒಂದರಲ್ಲಿ ನಲವತ್ತೇಳು, ಇನ್ನೊಂದರಲ್ಲಿ ಅರವತ್ತೈದು. ಎರಡೂ ಅದೇ ಶಾಯಿ, ಅದೇ ಅಚ್ಚು. ಎರಡನೆಯದನ್ನು ಕೊಟ್ಟರೆ ಮೂರು ಗಂಟೆಗೆ ಡಾಕ್ಟರ್ “ಇನ್ನಾರು ತಿಂಗಳು ಬಿಟ್ಟು ಬನ್ನಿ” ಎನ್ನುತ್ತಾರೆ, ತಾಯಿ ನಗುತ್ತಾಳೆ, ಯಾರಿಗೂ ಏನೂ ತಿಳಿಯುವುದಿಲ್ಲ, ಗುಬ್ಬಿ ಒಂದು ದಿನ ಮೆಟ್ಟಿಲ ಮೇಲೆ ಕುಳಿತವಳು ಏಳುವುದಿಲ್ಲ. ಅಷ್ಟು ನೀಚಳಲ್ಲ ತಾನು ಎಂದು ಆ ಕಾಗದವನ್ನು ಹರಿದಳು. ಹರಿದ ಮೇಲೂ ಹಗುರಾಗಲಿಲ್ಲ, ಯಾಕೆಂದರೆ ಅದನ್ನು ಕೊಡುವುದರ ಬಗ್ಗೆ ಅವಳು ಪೂರ್ತಿ ಹತ್ತು ನಿಮಿಷ ಯೋಚಿಸಿದ್ದಳು.

ಊಟದ ಹೊತ್ತಿಗೆ ಮೆಟ್ಟಿಲ ಕೆಳಗೆ ನಿಂತು ತಮ್ಮನಿಗೆ ಫೋನು ಮಾಡಿದಳು. ಯಾಕೆಂದು ಗೊತ್ತಿರಲಿಲ್ಲ. ತಮ್ಮನ ಎದೆಯಲ್ಲೂ ಹುಟ್ಟಿನಿಂದ ಒಂದು ಗುಳಿ ಇತ್ತು, ನಡು ಎದೆ ಒಳಕ್ಕೆ ಕುಸಿದು ಒಂದು ಬಟ್ಟಲಿನಷ್ಟು. ಉಸಿರಿಗೆ ತೊಂದರೆ ಇರಲಿಲ್ಲ, ಹಾಗಾಗಿ ಯಾರೂ ಡಾಕ್ಟರಿಗೆ ತೋರಿಸಿರಲಿಲ್ಲ. ಚಿಕ್ಕಂದಿನ ಮಾತು, ಅವಳಿಗೆ ಹನ್ನೊಂದು, ಅವನಿಗೆ ಏಳು. ನೆಂಟರು ತುಂಬಿದ್ದ ಮನೆಯಲ್ಲಿ ಅವನನ್ನು ಚಾಪೆಯ ಮೇಲೆ ಅಂಗಾತ ಮಲಗಿಸಿ, ಅಂಗಿ ಮೇಲೆತ್ತಿ, ಆ ಗುಳಿಯಲ್ಲಿ ಗೋಲಿ ಇಟ್ಟು, “ಉಸಿರು ಬಿಡು, ಈಗ ಎಳ್ಕೋ” ಎಂದು ಅದು ಉರುಳುವುದನ್ನು ಎಲ್ಲರಿಗೂ ತೋರಿಸಿದ್ದಳು. ಎಲ್ಲರೂ ನಕ್ಕಿದ್ದರು. ಅವನೂ ನಕ್ಕಿದ್ದ ಎಂದೇ ಅವಳು ಇಷ್ಟು ವರ್ಷ ಅಂದುಕೊಂಡಿದ್ದಾಳೆ. “ಏನಕ್ಕ, ಈ ಹೊತ್ತಲ್ಲಿ?” ಎಂದ ತಮ್ಮ. “ಸುಮ್ನೆ ಕಣೋ.” “ನೀನು ಸುಮ್ನೆ ಫೋನ್ ಮಾಡೋಳಲ್ಲ.” ಅವಳು ಆಚೀಚೆ ಸುತ್ತಿ ಬಳಸಿ ಕೊನೆಗೆ ಗೋಲಿಯ ವಿಷಯ ತೆಗೆದಳು, ನಿನಗೆ ನೆನಪಿರಲಿಕ್ಕಿಲ್ಲ ಎಂದು. “ಹಸಿರು ಗೋಲಿ. ಅದರೊಳಗೆ ಒಂದು ಬಿಳೀ ಎಳೆ ಇತ್ತು” ಎಂದ ಅವನು. “ನಿಂಗೆ ಬೇಜಾರಾಗಿತ್ತಾ?” “ಅಕ್ಕ, ನಾನು ಇವತ್ತಿನವರೆಗೂ ನನ್ನ ಹೆಂಡ್ತಿ ಎದುರು ದೀಪ ಆರಿಸದೆ ಅಂಗಿ ಬಿಚ್ಚಿಲ್ಲ.” ಅವಳು ತಪ್ಪಾಯಿತು ಎಂದು ಹೇಳಲು ಹೊರಟಾಗ ಅವನೇ ಹೇಳಿದ, ಸಿಟ್ಟಿಲ್ಲದೆ, ಬಸ್ಸಿನ ಸಮಯ ಹೇಳುವವನ ಹಾಗೆ: “ಈಗ ಹೇಳಿದ್ರೆ ನಿಂಗೆ ಹಗುರ ಆಗುತ್ತೆ. ಆಗ್ಲಿ ಬಿಡು. ಊಟ ಆಯ್ತಾ?”

ಊಟ ಆಗಿರಲಿಲ್ಲ. ಆಯಿತು ಎಂದಳು. ನಿಂಗೆ ಹಗುರ ಆಗುತ್ತೆ ಎಂಬ ಮಾತು ಕಾಲಿಗೆ ಕಟ್ಟಿದ ಹಾಗೆ ಮೆಟ್ಟಿಲುದ್ದಕ್ಕೂ ಜೊತೆಗೆ ಬಂತು. ಹಾಗಾದರೆ ಹೇಳುವುದು ಕೂಡ ತನಗಾಗಿಯೇ ಏನು? ಮಗುವಿಗೆ ಬೇಕಾದದ್ದು ಈ ನಲವತ್ತೇಳು ಎಂಬ ಅಂಕಿ ಮಾತ್ರ. ಅದನ್ನು ಕೊಟ್ಟರೆ ಸಾಕು. ತನ್ನ ಬೆರಳು ಯಾವತ್ತು ಯಾವ ಗುಂಡಿಯ ಮೇಲೆ ಎಷ್ಟು ಹೊತ್ತು ನಿಂತಿತ್ತು ಎಂಬ ಕತೆ ಯಾರಿಗೆ ಬೇಕು? ಹೀಗೆ ತನಗೆ ತಾನೇ ವಕೀಲಿಕೆ ಮಾಡಿಕೊಳ್ಳುತ್ತಾ ಎದೆ ಡಾಕ್ಟರ ಕೋಣೆಯ ಬಾಗಿಲಿಗೆ ಬಂದವಳು, ಒಳಗೆ ಕಾಲಿಟ್ಟದ್ದೇ ತಡ, ಒಂದೇ ಉಸಿರಿನಲ್ಲಿ ಎಲ್ಲವನ್ನೂ ಹೇಳಿಬಿಟ್ಟಳು. ಡಾಕ್ಟರ್ ಕಾಗದ ನೋಡಿದರು. “ಕೂತ್ಕೊಳ್ಳಿ” ಎಂದರು. ಹದಿನಾರು ವರ್ಷದಲ್ಲಿ ಆ ಕೋಣೆಯಲ್ಲಿ ಅವಳಿಗೆ ಯಾರೂ ಕೂರಲು ಹೇಳಿರಲಿಲ್ಲ. ಕುರ್ಚಿಯ ತುದಿಯಲ್ಲಿ ಕುಳಿತಳು. ಅವರು ಗುಬ್ಬಿಯ ಫೈಲು ಎಳೆದುಕೊಂಡು ಹಿಂದಿನಿಂದ ಮುಂದಕ್ಕೆ ತಿರುವಿದರು. ಮೊದಲ ಪುಟದಲ್ಲಿ, ತೂಕ ನೋಡುವ ನರ್ಸಿನ ದುಂಡು ಅಕ್ಷರದಲ್ಲಿ, ಪ್ರತಿ ಭೇಟಿಯ ಎತ್ತರವೂ ಇತ್ತು: ನೂರಾ ಒಂಬತ್ತು, ನೂರಾ ಹನ್ನೆರಡು, ನೂರಾ ಹದಿನೈದು, ನೂರಾ ಹದಿನೇಳು. ಅದರ ಕೆಳಗೆ ಡಾಕ್ಟರ ಸಹಿ. ಹಿಂದಿನ ಪುಟಗಳಲ್ಲಿ ಇವಳ ನೂರಾ ಆರು, ನೂರಾ ಆರು, ನೂರಾ ಆರು, ನೂರಾ ಆರು. ಅದರ ಕೆಳಗೂ ಅವರದೇ ಸಹಿ. ಅವರು ಕನ್ನಡಕ ತೆಗೆದು ಕಣ್ಣು ಉಜ್ಜಿಕೊಂಡರು.

“ನೋಡಿ, ಆಪರೇಷನ್ ಹೇಗೂ ಮಾಡೋದೇ” ಎಂದರು ಕೊನೆಗೆ. “ಗುರುವಾರ ಹೊರಗಿನ ಸರ್ಜನ್ ಬರ್ತಾರೆ, ಅವರ ಕೈಲೇ ಮಾಡಿಸ್ತೀನಿ. ಈ ಸಲದ ರಿಪೋರ್ಟ್ ಒಂದಿದ್ರೆ ಸಾಕು. ಈ ಆರು ತಿಂಗಳಲ್ಲಿ ಇಳಿದಿದೆ ಅಂತ ಹೇಳೋಣ. ಹಳೇದನ್ನ ಕೆದಕಿ ಯಾರಿಗೇನು ಬರೋದಿದೆ?”

“ಮೊದಲೇ ಮಾಡಿದ್ದಿದ್ರೆ, ಸರ್?”

ಅವರು ಕನ್ನಡಕವನ್ನು ಮತ್ತೆ ಹಾಕಿಕೊಂಡರು. “ಏಳೆಂಟು ವರ್ಷದವರೆಗೆ ಶ್ವಾಸಕೋಶ ಹೊಸದಾಗಿ ಹುಟ್ಟಿಕೊಳ್ತಾ ಇರುತ್ತೆ. ಆಮೇಲೆ ಇರೋದೇ ಹಿಗ್ಗಬೇಕು, ಅಷ್ಟೆ. ಈಗ ಜಾಗ ಮಾಡಿಕೊಡಬಹುದು. ಆ ಜಾಗ ತುಂಬೋಕೆ ಎಷ್ಟು ಬರುತ್ತೆ ಅಂತ ನಾನು ಹೇಳಲಾರೆ.” ಇಷ್ಟು ಹೇಳಿ ಫೈಲು ಮುಚ್ಚಿದರು. “ನೀವೂ ಮನುಷ್ಯರು, ನಾನೂ ಮನುಷ್ಯ” ಎಂದರು. ಹದಿನಾರು ವರ್ಷದಲ್ಲಿ ಅವರು ಅವಳನ್ನು ತಮ್ಮ ಸಾಲಿನಲ್ಲಿ ನಿಲ್ಲಿಸಿದ್ದು ಅದೇ ಮೊದಲು. ಅದರಿಂದ ಅವಳಿಗೆ ನಾಚಿಕೆಯಾಯಿತು, ಯಾಕೆಂದರೆ ಒಂದು ಚೂರು ಸಂತೋಷವೂ ಆಗಿತ್ತು.

ಮೂರು ಗಂಟೆಗೆ ತಾಯಿಯನ್ನು ಒಳಗೆ ಕರೆದರು. ಇವಳು ಗೋಡೆಗೆ ಒರಗಿ ನಿಂತಳು. ಡಾಕ್ಟರ್ ಮೃದುವಾಗಿಯೇ ಹೇಳಿದರು: ಈ ಆರು ತಿಂಗಳಲ್ಲಿ ಅರವತ್ತೈದರಿಂದ ನಲವತ್ತೇಳಕ್ಕೆ ಇಳಿದಿದೆ, ಕೆಲವು ಮಕ್ಕಳಲ್ಲಿ ಹೀಗಾಗುತ್ತದೆ, ಇನ್ನು ಕಾಯುವುದು ಬೇಡ, ಗುರುವಾರವೇ ಆಪರೇಷನ್. ತಾಯಿ ತಲೆಯಾಡಿಸುತ್ತಾ ಕೇಳಿದಳು. ಅವಳು ಅಳುತ್ತಾಳೆಂದು ಇಬ್ಬರೂ ಕಾಯುತ್ತಿದ್ದರು. ಅವಳು ಅಳಲಿಲ್ಲ. ಏನನ್ನೋ ಲೆಕ್ಕ ಹಾಕುವವಳ ಹಾಗೆ ನೆಲ ನೋಡಿದಳು. “ಆರು ತಿಂಗಳು” ಎಂದಳು. “ರಜಾ ಬಂತಲ್ಲ ಡಾಕ್ಟ್ರೇ, ತಂಗಿ ಮನೆಗೆ ಹೋಗಿದ್ವಿ, ಒಂದೂವರೆ ತಿಂಗಳು. ಅಲ್ಲಿ ಉಸಿರಿನ ವ್ಯಾಯಾಮ ಮಾಡಿಸ್ಲಿಲ್ಲ. ಮಕ್ಕಳೆಲ್ಲ ಆಡ್ತಾ ಇದ್ರು, ಇವಳೊಬ್ಳನ್ನೇ ಕೂರಿಸಿ ಊದು ಅನ್ನೋಕೆ ಮನಸ್ಸು ಬರ್ಲಿಲ್ಲ. ಆಡ್ಕೊಳ್ಲಿ ಅಂತ ನಾನೇ ಬಿಟ್ಟೆ.” “ಛೆ, ಹಾಗೇನಿಲ್ಲಮ್ಮ” ಎಂದರು ಡಾಕ್ಟರ್. “ಇವಳಪ್ಪ ಬೇಡ ಅಂದಿದ್ರು. ಒಂದಿನಾನೂ ತಪ್ಪಿಸಬೇಡ ಅಂದಿದ್ರು. ಅವರಿಗೆ ಏನಂತ ಹೇಳ್ಲಿ ನಾನು? ನಾನೇ ಬಿಟ್ಟೆ ಅಂತಾನೇ ಹೇಳ್ಬೇಕು.” ಡಾಕ್ಟರ್ ಮತ್ತೆ “ಹಾಗೇನಿಲ್ಲ” ಎಂದು ಗೋಡೆಯ ಕಡೆ, ಇವಳ ಕಡೆ, ಒಂದು ಸಲ ನೋಡಿ ಮುಂದಿನ ಫೈಲು ತೆಗೆದರು. ಆ ನೋಟದಲ್ಲಿ ಆಜ್ಞೆ ಇರಲಿಲ್ಲ. ಬೇಡಿಕೆ ಇತ್ತು.

ಮೊಗಸಾಲೆಯ ಬೆಂಚಿನ ಮೇಲೆ ತಾಯಿ ಚೀಲವನ್ನು ತೊಡೆಯ ಮೇಲಿಟ್ಟುಕೊಂಡು ಕುಳಿತಿದ್ದಳು. ಆ ತುದಿಯಲ್ಲಿ ಗುಬ್ಬಿ ನೆಲದ ಚೌಕಗಳ ಮೇಲೆ ಗೆರೆ ತುಳಿಯದ ಹಾಗೆ ಕುಪ್ಪಳಿಸುತ್ತಿದ್ದಳು. ನಾಲ್ಕು ಚೌಕ ದಾಟಿ ಗೋಡೆಗೆ ಕೈಕೊಟ್ಟು ನಿಂತು, ಮತ್ತೆ ನಾಲ್ಕು. ಇವಳು ಹೋಗಿ ಪಕ್ಕದಲ್ಲಿ ಕುಳಿತಳು. ಹಗುರಾಗುವುದಕ್ಕೆ ಅಲ್ಲ ಎಂದು ತನಗೆ ಹೇಳಿಕೊಂಡಳು. ಇರಬಹುದು, ಆಗಲಿ, ಹಗುರಾದರೆ ಆಗಲಿ ಎಂದೂ ಹೇಳಿಕೊಂಡಳು. ಅಲ್ಲಿ ಕುಳಿತ ಹೆಂಗಸು ಮಾಡದ ತಪ್ಪನ್ನು ಮನೆಗೆ ಹೊತ್ತುಕೊಂಡು ಹೋಗುತ್ತಿದ್ದಳು, ಅದನ್ನು ಇಳಿಸಬೇಕಾಗಿತ್ತು.

“ನಿಮ್ಮ ತಪ್ಪಲ್ಲ ಇದು” ಎಂದಳು. “ರಜದಲ್ಲಿ ಇಳಿದಿದ್ದಲ್ಲ.”

ತಾಯಿ ಥಟ್ಟನೆ ತಿರುಗಿದಳು. “ನಿಜವಾಗ್ಲೂ ಅಕ್ಕ?”

“ನಿಜವಾಗ್ಲೂ. ವ್ಯಾಯಾಮ ಬಿಟ್ಟಿದ್ದಕ್ಕೂ ಇದಕ್ಕೂ ಸಂಬಂಧ ಇಲ್ಲ.”

ತಾಯಿಯ ಮುಖ ಸಡಿಲವಾಯಿತು. ಆಗ ಕಣ್ಣಲ್ಲಿ ನೀರು ಬಂತು. ಇವಳ ಕೈಯನ್ನು ಎರಡೂ ಕೈಗಳಿಂದ ಹಿಡಿದುಕೊಂಡು, “ನೀವು ಹೇಳಿದ್ರೆ ನಂಬ್ತೀನಿ, ಅವರು ಹೇಳಿದ್ದು ನಂಬೋಕಾಗ್ಲಿಲ್ಲ” ಎಂದಳು. ಇಷ್ಟಕ್ಕೇ ನಿಲ್ಲಿಸಬಹುದಿತ್ತು. ಇಷ್ಟೇ ಸಾಕೆಂದು ಆ ಕೈಯ ಬಿಸುಪೂ ಹೇಳಿತು. ಇವಳು ಮಾತು ಮುಂದುವರಿಸಿದಳು. “ಎರಡು ವರ್ಷದಿಂದ ಇಳೀತಾನೇ ಇತ್ತು. ನಾನು ಎತ್ತರ ಅಳೀಲಿಲ್ಲ. ಹಳೇ ಎತ್ತರಾನೇ ಹಾಕ್ತಾ ಬಂದೆ. ಅದಕ್ಕೆ ಒಳ್ಳೇ ನಂಬರ್ ಬರ್ತಿತ್ತು. ಇಲ್ಲದಿದ್ರೆ ಏಳೂವರೆ ವರ್ಷಕ್ಕೇ ಗೊತ್ತಾಗ್ತಿತ್ತು, ಆಗ್ಲೇ ಆಪರೇಷನ್ ಮಾಡ್ತಿದ್ರು.” ತಾಯಿಯ ಕೈ ಇನ್ನೂ ಸ್ವಲ್ಪ ಹೊತ್ತು ಅಲ್ಲೇ ಇತ್ತು, ಮಾತು ಅಲ್ಲಿಯವರೆಗೆ ತಲುಪಿರಲಿಲ್ಲ. ಆಮೇಲೆ ತಲುಪಿತು. ಅವಳು ಕೈ ಕಿತ್ತುಕೊಳ್ಳಲಿಲ್ಲ. ಬೇರೆಯವರ ವಸ್ತುವನ್ನು ಅವರ ಜಾಗದಲ್ಲೇ ವಾಪಸು ಇಡುವಂತೆ ಇವಳ ಕೈಯನ್ನು ಇವಳ ಮಡಿಲಲ್ಲಿ ಇಟ್ಟಳು.

“ಎಷ್ಟು ಸಲ?”

“ನಾಲ್ಕು.”

“ಮರೆತು?”

ಹೂಂ ಎಂದರೆ ಮುಗಿದುಹೋಗುತ್ತಿತ್ತು. “ಮೊದಲನೇ ಸಲ ಮರೆತು” ಎಂದಳು. “ಆಮೇಲೆ ಗೊತ್ತಿಲ್ಲ. ಒಳ್ಳೇದು ಬರ್ಲಿ ಅಂತಿತ್ತು. ನೀವು ಅಳೋದನ್ನ ನನ್ನ ಕೈಲಿ ನೋಡೋಕಾಗ್ತಿರ್ಲಿಲ್ಲ.”

ತಾಯಿ ಗುಬ್ಬಿಯ ಕಡೆಯೇ ನೋಡುತ್ತಿದ್ದಳು. “ಅಳ್ತಿದ್ದೆ” ಎಂದಳು. “ಅತ್ತು, ಆಪರೇಷನ್ ಕಾಗದಕ್ಕೆ ಸಹಿ ಹಾಕ್ತಿದ್ದೆ.” ದನಿ ಏರಲಿಲ್ಲ. ಏರಿದ್ದರೆ ಇವಳಿಗೆ ತಡೆದುಕೊಳ್ಳಲು ಏನಾದರೂ ಸಿಗುತ್ತಿತ್ತು. ಆಪರೇಷನ್ನಿಗೆ ಮುಂಚೆ ಮತ್ತೊಮ್ಮೆ ಊದಿಸಬೇಕಂತಲ್ಲ, ಅದನ್ನು ಬೇರೆ ಯಾರಾದರೂ ಮಾಡುತ್ತಾರಾ ಎಂದು ಕೇಳಿದಳು. ಇಲ್ಲ, ಇಲ್ಲಿ ನಾನೊಬ್ಬಳೇ ಇರುವುದು ಎಂದಳು ಇವಳು. “ಸರಿ” ಎಂದು ತಾಯಿ ಎದ್ದು, ಚೀಲ ಹೆಗಲಿಗೇರಿಸಿ, ಗುಬ್ಬಿಯನ್ನು ಕೈಹಿಡಿದು ಕರೆದುಕೊಂಡು ಹೋದಳು. ಹುಡುಗಿ ತಿರುಗಿ ತಿರುಗಿ ಟಾಟಾ ಮಾಡಿದಳು. ಇವಳೂ ಕೈ ಎತ್ತಿದಳು. ಅವರು ಕಣ್ಮರೆಯಾದ ಮೇಲೆ ಹಗುರಾಗಿದೆಯೇ ಎಂದು ಒಳಗೆ ಹುಡುಕಿ ನೋಡಿದಳು, ಆಗಿರಲಿಲ್ಲ. ಅದೊಂದೇ ಆ ದಿನ ಅವಳಿಗೆ ಸಿಕ್ಕ ಸಮಾಧಾನ. ಮಾರನೇ ದಿನ ಅವಳೇ ಎಲ್ಲವನ್ನೂ ಬರೆದು ಕಚೇರಿಗೆ ಕೊಟ್ಟಳು. ಡಾಕ್ಟರ್ ಅದನ್ನು ಓದಿ ತಮ್ಮದೂ ಒಂದು ಕಾಗದ ಜೊತೆಗಿಟ್ಟು ಕಳಿಸಿದರೆಂದು ಆಮೇಲೆ ತಿಳಿಯಿತು.

ಬುಧವಾರ ಬೆಳಿಗ್ಗೆ ತಾಯಿ ಮೊದಲ ಬಾರಿಗೆ ಕೋಣೆಯ ಒಳಗೆ ಬಂದಳು. ಇವಳು ಬಗ್ಗುವ ಮೊದಲೇ ತಾನೇ ಕುಕ್ಕರಗಾಲಲ್ಲಿ ಕುಳಿತು ಮಗಳ ಲೇಸು ಬಿಚ್ಚಿದಳು. ಮೊಗಸಾಲೆಗೆ ಕರೆದೊಯ್ದು ಅಳತೆಗೋಲಿನ ಕೆಳಗೆ ನಿಲ್ಲಿಸಿ, ಅಂಕಿಯನ್ನು ತಾನೇ ಬಗ್ಗಿ ನೋಡಿ, ಗಟ್ಟಿಯಾಗಿ ಓದಿದಳು. ಇವಳು ಅದನ್ನೇ ಒತ್ತಿದಳು. ಕ್ಲಿಪ್ಪಿಗಾಗಿ ತಾಯಿ ಕೈ ಚಾಚಿದಳು, ಇವಳು ಕೊಟ್ಟಳು. ಗುಬ್ಬಿ ಕೊಳವೆ ಬಾಯಿಗಿಟ್ಟುಕೊಂಡು ಇಬ್ಬರ ಮುಖವನ್ನೂ ನೋಡಿದಳು, ಯಾರು ಹೇಳುತ್ತಾರೆಂದು ತಿಳಿಯದೆ. “ಪೂರ್ತಿ ಎಳ್ಕೋ ಮರಿ” ಎಂದಳು ತಾಯಿ. “ಹಾಂ, ಈಗ ಊದು. ಊದು, ಊದು, ಇನ್ನೂ, ಇನ್ನೂ, ಬಿಡಬೇಡ.” ಐದು ವರ್ಷ ಬಾಗಿಲಾಚೆ ನಿಂತು ಕೇಳಿದ್ದನ್ನು ಒಂದಕ್ಷರ ತಪ್ಪದೆ ಹೇಳಿದಳು. ಹುಡುಗಿಯ ಕತ್ತಿನ ನರಗಳು ಉಬ್ಬಿದವು, ಕಿವಿ ಕೆಂ‍ಪಾಯಿತು. ತಾಯಿ ಕಣ್ಣು ತೆಗೆಯಲಿಲ್ಲ. ಗಾಳಿ ಮುಗಿದ ಮೇಲೂ ಗುಬ್ಬಿ ಇನ್ನೊಂದು ಕ್ಷಣ ಬಾಯಿ ತೆಗೆಯದೆ ಕುಳಿತು, ಆಮೇಲೆ ಕೊಳವೆ ಬಿಟ್ಟು, ಏದುಸಿರಿನಲ್ಲೇ ಇವಳ ಕಡೆ ತಿರುಗಿದಳು.

“ಎಷ್ಟು ಬಂತು, ಊದಕ್ಕಾ?”

“ನಲವತ್ತಾರು.”

“ಅದು ಒಳ್ಳೇದಾ?”

ಇವಳು ಏನು ಹೇಳುತ್ತಾಳೆಂದು ತಾಯಿಯೂ ಕಾಯುತ್ತಿದ್ದಳು.

“ಅಲ್ಲ ಪುಟ್ಟಿ” ಎಂದಳು ಇವಳು. “ಒಳ್ಳೇದಲ್ಲ.”

ಗುಬ್ಬಿಯ ಮೂಗಿನ ಕ್ಲಿಪ್ಪು ಇನ್ನೂ ಹಾಗೆಯೇ ಇತ್ತು, ಮಾತು ಶೀತವಾದವರ ಮಾತಿನಂತೆ ಹೊರಬಂತು. “ನಾನು ಜೋರಾಗಿ ಊದಿದ್ರೆ ಆಪರೇಷನ್ ಬೇಡ್ವಾ? ಇನ್ನೊಂದ್ಸಲ ಊದ್ತೀನಿ” ಎಂದು, ಯಾರ ಉತ್ತರಕ್ಕೂ ಕಾಯದೆ, ಕೊಳವೆಯನ್ನು ಮತ್ತೆ ಬಾಯಿಗಿಟ್ಟುಕೊಂಡಳು.